ರೋಮ್ ಹ್ಯಾಕ್, ಪ್ಯಾಚ್, ಎಮ್ಯುಲೇಟರ್: ಪದೇ ಪದೇ ಕೇಳೋ ಪ್ರಶ್ನೆಗಳು

ಹಳೇ ಕನ್ಸೋಲ್ ಗೇಮ್‌ಗಳನ್ನ ಬದಲಾಯಿಸಿ ಆಡೋ ವಿಷಯದಲ್ಲಿ ಜನ ನನ್ನ ಹತ್ರ ಹೆಚ್ಚುಕಮ್ಮಿ ಇದೇ ಪ್ರಶ್ನೆಗಳನ್ನ ಮತ್ತೆ ಮತ್ತೆ ಕೇಳ್ತಿರ್ತಾರೆ, ಅದಕ್ಕೆ ಎಲ್ಲಾನೂ ಒಂದು ಕಡೆ ಬರೆದಿಟ್ಟಿದೀನಿ. ಪ್ರಶ್ನೆಗಳನ್ನ ಅವರು ಕೇಳಿದ ಹಾಗೇ ಬಿಟ್ಟಿದೀನಿ. ಮೇಲಿರೋವು ಹೊಸಬರಿಗೆ, ಕೆಳಗೆ ಹೋಗ್ತಾ ಹೋಗ್ತಾ ಸ್ವಲ್ಪ ಗಟ್ಟಿಯಾಗತ್ತೆ.

## ಈಗಷ್ಟೇ ಶುರು ಮಾಡಿರೋರಿಗೆ

ರೋಮ್ ಹ್ಯಾಕ್ ಅಂದ್ರೆ ಏನು ಗುರು? ಹ್ಯಾಕ್ ಅಂದ್ರೆ ಕಳ್ಳತನ ಅಲ್ವಾ?

ಇಲ್ಲಿ ಆ ಅರ್ಥ ಇಲ್ಲ. ಹಳೇ ಕಾರ್ಟ್ರಿಜ್ ಒಳಗೆ ಒಂದು ಚಿಪ್ ಇರತ್ತೆ, ಗೇಮಿನ ಕೋಡು, ಚಿತ್ರ, ಮ್ಯೂಸಿಕ್ಕು, ಡೈಲಾಗು ಎಲ್ಲಾ ಅದರಲ್ಲೇ. ಅದನ್ನ ಒಂದು ಬೈಟೂ ಬಿಡದೆ ಓದಿ ಫೈಲ್ ಮಾಡಿದ್ರೆ ಅದೇ ರೋಮ್ ಫೈಲ್, ಹಾಗೆ ಓದ್ಕೊಳ್ಳೋದಕ್ಕೆ ಡಂಪ್ ಮಾಡೋದು ಅಂತಾರೆ. ಆ ಫೈಲಲ್ಲಿ ಕೆಲವು ಬೈಟ್ ತಿದ್ದಿದ್ರೆ ಗೇಮೇ ಬದಲಾಗತ್ತೆ, ಅದಕ್ಕೆ ರೋಮ್ ಹ್ಯಾಕ್ ಅನ್ನೋದು. ಸಣ್ಣದು ಅಂದ್ರೆ ಮೂರು ಲೈಫ್ ಇದ್ದಿದ್ದು ಒಂಬತ್ತಾಗೋದು, ದೊಡ್ಡದು ಅಂದ್ರೆ ಎಂಜಿನ್ ಮಾತ್ರ ಹಳೇದು ಉಳಿದು ಲೆವೆಲ್ಲು, ಕಥೆ, ಸಂಗೀತ ಎಲ್ಲಾ ಹೊಸದಾಗೋದು. 1985ರ ಸೂಪರ್ ಮಾರಿಯೋ ಬ್ರದರ್ಸ್ ಪೂರ್ತಿ ಗೇಮ್ ಇರೋದು 40 ಕಿಲೋಬೈಟ್, ಅದರಲ್ಲಿ 32 ಕೋಡು ಮತ್ತೆ ಡೇಟಾ, ಉಳಿದ 8 ಚಿತ್ರ. ಫೋನಲ್ಲಿ ತೆಗೆದ ಒಂದು ಫೋಟೋ ಇದಕ್ಕಿಂತ ಎಷ್ಟೋ ಪಟ್ಟು ದೊಡ್ಡದಿರತ್ತೆ. ಇಷ್ಟು ಚಿಕ್ಕದಾಗಿರೋದಕ್ಕೇ ಒಬ್ಬರೇ ಕೂತು ಒಂದು ಗೇಮನ್ನ ಮೂಲೆ ಮೂಲೆ ತಿಳ್ಕೊಳ್ಳೋಕೆ ಆಗತ್ತೆ, ನನಗೆ ಈ ಹುಚ್ಚು ಹತ್ತಿದ್ದೂ ಅದರಿಂದಲೇ.

ಎಮ್ಯುಲೇಟರ್‌ಗೆ ಇದು ಹ್ಯಾಕ್ ಮಾಡಿರೋ ಗೇಮ್ ಅಂತ ಗೊತ್ತಾಗತ್ತಾ?

ಗೊತ್ತಾಗಲ್ಲ, ಗೊತ್ತಾಗೋ ಅಗತ್ಯನೂ ಇಲ್ಲ. ಎಮ್ಯುಲೇಟರ್ ಮಾಡೋದು ಕನ್ಸೋಲಿನ ಕೆಲಸ. ಎನ್‌ಇಎಸ್ ತಗೊಳ್ಳಿ, ನಿಂಟೆಂಡೋದ ಹಳೇ ಕನ್ಸೋಲು, ಅದರ ಪ್ರೊಸೆಸರ್ 6502 ಜಾತಿದು, ಸೆಕೆಂಡಿಗೆ ಸುಮಾರು 17.9 ಲಕ್ಷ ಸೈಕಲ್ ಓಡತ್ತೆ, ಒಳಗಿರೋ ರ‍್ಯಾಮ್ ಬರೀ 2 ಕಿಲೋಬೈಟ್. ಎಮ್ಯುಲೇಟರ್ ರೋಮ್‌ನಿಂದ ಒಂದೊಂದೇ ಆದೇಶ ಓದತ್ತೆ, ಆ ಪ್ರೊಸೆಸರ್ ಏನು ಮಾಡ್ತಿತ್ತೋ ಅದನ್ನೇ ಸಾಫ್ಟ್‌ವೇರಲ್ಲಿ ಮಾಡತ್ತೆ, ಚಿತ್ರದ ಚಿಪ್ಪು ಸೌಂಡ್ ಚಿಪ್ಪು ಕೂಡ ಹಾಗೇನೇ. ಬೈಟ್ ಮೂಲದ್ದಾ ತಿದ್ದಿದ್ದಾ ಅನ್ನೋದು ಅದಕ್ಕೆ ಸಂಬಂಧನೇ ಇಲ್ಲ, ಸಿಕ್ಕಿದ್ದನ್ನ ಓಡಿಸತ್ತೆ. ಅದಕ್ಕೇ ತಪ್ಪು ಬೈಟ್ ಸಿಕ್ರೂ ಅಷ್ಟೇ ನಿಷ್ಠೆಯಿಂದ ಓಡಿಸಿ ಹಳ್ಳಕ್ಕೆ ಬೀಳತ್ತೆ.

ಪೂರ್ತಿ ಗೇಮ್ ಕೊಡೋದು ಬಿಟ್ಟು ಇಷ್ಟು ಚಿಕ್ಕ ಪ್ಯಾಚ್ ಫೈಲ್ ಯಾಕೆ ಕೊಡ್ತಾರೆ?

ಗೇಮಿನ ಹಕ್ಕು ಅದನ್ನ ಮಾಡಿದ ಕಂಪನಿದು, ಹ್ಯಾಕ್ ಮಾಡಿದೋರದ್ದು ಬದಲಾವಣೆ ಮಾತ್ರ. ಪ್ಯಾಚ್ ಅಂದ್ರೆ ಆ ಬದಲಾವಣೆಗಳ ಪಟ್ಟಿ: ಇಷ್ಟನೇ ಬೈಟಿಗೆ ಹೋಗು, ಅಲ್ಲಿಂದ ಇಷ್ಟು ಬೈಟ್ ಅಳಿಸಿ ಇದನ್ನ ಬರಿ. ಮೂಲ ಗೇಮ್ ನಿಮ್ಮ ಹತ್ರ ಇರ್ಬೇಕು, ಪ್ಯಾಚ್ ಅದರ ಮೇಲೆ ಕೂರತ್ತೆ. ಇದೊಂದು ಮನಸ್ಸಲ್ಲಿಟ್ಕೊಳ್ಳಿ, ಯಾಕಂದ್ರೆ ಕೆಳಗಿನ ಅರ್ಧಕ್ಕರ್ಧ ತೊಂದರೆಗಳ ಬೇರು ಇಲ್ಲೇ ಇದೆ. ಪ್ಯಾಚಿಗೆ ಗೇಮಿನ ಹೆಸರು ಗೊತ್ತಿಲ್ಲ, ಕಥೆ ಗೊತ್ತಿಲ್ಲ, ಜಾಗದ ನಂಬರ್ ಅಷ್ಟೇ ಗೊತ್ತು.

ಇದೆಲ್ಲಾ ಕಾನೂನು ಪ್ರಕಾರ ಸರೀನಾ?

ಎಮ್ಯುಲೇಟರ್ ಬೇರೆ, ಗೇಮ್ ಫೈಲ್ ಬೇರೆ. ಅಮೆರಿಕದಲ್ಲಿ ಸೋನಿ ಕಂಪನಿ, ಪ್ಲೇಸ್ಟೇಷನ್ ಎಮ್ಯುಲೇಟರ್ ಮಾಡಿದ್ದ ಕನೆಕ್ಟಿಕ್ಸ್ ಕಂಪನಿ ಮೇಲೆ ಹಾಕಿದ್ದ ಕೇಸಲ್ಲಿ 2000ದಲ್ಲಿ ಮೇಲ್ಮನವಿ ಕೋರ್ಟು, ಎಮ್ಯುಲೇಟರ್ ಬರೆಯೋಕೆ ಅಂತ ಮೂಲ ಬಯೋಸನ್ನ (ಕನ್ಸೋಲೊಳಗೇ ಇರೋ ಶುರುವಿನ ಸಾಫ್ಟ್‌ವೇರ್) ಬಿಡಿಸಿ ನೋಡಿದ್ದು ನ್ಯಾಯಯುತ ಬಳಕೆ ಅಂತ ಹೇಳ್ತು. ಆದ್ರೆ 2024ರಲ್ಲಿ ನಿಂಟೆಂಡೋ ಸ್ವಿಚ್ ಎಮ್ಯುಲೇಟರ್ ಯುಜು ಮಾಡ್ತಿದ್ದವರು 24 ಲಕ್ಷ ಡಾಲರ್ ಕೊಟ್ಟು ರಾಜಿ ಮಾಡ್ಕೊಂಡು ಅಂಗಡಿ ಮುಚ್ಚಿದ್ರು, ಅಲ್ಲಿ ಜಗಳ ಇದ್ದಿದ್ದು ಎನ್‌ಕ್ರಿಪ್ಷನ್ ಮುರಿಯೋದರ ಬಗ್ಗೆ. ಗೇಮಿನ ಕಾಪಿ ಹಂಚೋದು ಕಾಪಿರೈಟ್ ಉಲ್ಲಂಘನೆ, ಹ್ಯಾಕ್ ಹಾಕಿ ಹಂಚಿದ್ರೂ ಅಷ್ಟೇ. ಸ್ವಂತ ಕಾರ್ಟ್ರಿಜ್ ಡಂಪ್ ಮಾಡ್ಕೊಳ್ಳೋದಕ್ಕೆ ಒಂದೊಂದು ದೇಶದಲ್ಲಿ ಒಂದೊಂದು ನಿಯಮ. ನಾನು ನನ್ನ ಕಾರ್ಟ್ರಿಜ್‌ಗಳನ್ನೇ ಡಂಪ್ ಮಾಡ್ಕೊಂಡು ಆಡ್ತೀನಿ, ರೋಮ್ ಕೊಡಿ ಅಂತ ಕೇಳ್ಬೇಡಿ, ಕೊಡಲ್ಲ.

ಚೀಟ್ ಕೋಡ್ ಹಾಕಿದ್ರೂ ಗೇಮ್ ಬದಲಾಗತ್ತಲ್ಲ, ಅದೂ ಹ್ಯಾಕೇನಾ?

ಹತ್ತಿರದ ನೆಂಟ ಅನ್ನಬಹುದು. 1990ರ ಗೇಮ್ ಜೀನಿ ಕಾರ್ಟ್ರಿಜ್‌ಗೂ ಕನ್ಸೋಲಿಗೂ ಮಧ್ಯೆ ಕೂರ್ತಿತ್ತು, ಪ್ರೊಸೆಸರ್ ಒಂದು ನಿರ್ದಿಷ್ಟ ಜಾಗದ ಬೈಟ್ ಕೇಳಿದಾಗ ನಿಜವಾದ್ದನ್ನ ತಡೆದು ಬೇರೆ ಬೈಟ್ ಕೊಟ್ಟುಬಿಡ್ತಿತ್ತು. ಪವರ್ ಆಫ್ ಮಾಡಿದ್ರೆ ಏನೂ ಆಗೇ ಇಲ್ಲ ಅನ್ನೋ ಹಾಗೆ. ಇನ್ನೊಂದು ಜಾತಿ ಕೋಡ್‌ಗಳು ರ‍್ಯಾಮಿನ ಒಂದು ಜಾಗಕ್ಕೆ ಪ್ರತಿ ಫ್ರೇಮ್ ಅದೇ ಸಂಖ್ಯೆ ಬರೀತಾ ಇರ್ತವೆ, ಅದಕ್ಕೇ ಲೈಫ್ ಇಳಿಯೋದೇ ಇಲ್ಲ. ಹ್ಯಾಕಲ್ಲಿ ಬದಲಾವಣೆ ಫೈಲಿನೊಳಗೇ ಇರತ್ತೆ. ಒಂದು ಎಚ್ಚರ ಏನಂದ್ರೆ ಮೂಲ ಗೇಮಿನ ಚೀಟ್ ಕೋಡನ್ನ ಹ್ಯಾಕಿಗೆ ಹಾಕ್ಬೇಡಿ, ಆ ಜಾಗದಲ್ಲಿ ಈಗ ಬೇರೇನೋ ಇರಬಹುದು.

## ಪ್ಯಾಚ್ ಹಾಕೋವಾಗ

ಐಪಿಎಸ್, ಯುಪಿಎಸ್, ಬಿಪಿಎಸ್, ಎಕ್ಸ್‌ಡೆಲ್ಟಾ, ಇಷ್ಟೊಂದು ಯಾಕೆ? ಯಾವುದು ಒಳ್ಳೇದು?

ಐಪಿಎಸ್ ಎಲ್ಲಕ್ಕಿಂತ ಹಳೇದು, ಎಲ್ಲಕ್ಕಿಂತ ಸರಳ. ಫೈಲಿನ ಶುರುವಿಗೆ ಪ್ಯಾಚ್ ಅನ್ನೋ ಇಂಗ್ಲಿಷ್ ಪದದ ಐದು ಅಕ್ಷರ, ಆಮೇಲೆ ಪ್ರತಿ ಬದಲಾವಣೆಗೂ ಜಾಗಕ್ಕೆ ಮೂರು ಬೈಟ್, ಉದ್ದಕ್ಕೆ ಎರಡು ಬೈಟ್, ಆಮೇಲೆ ಹೊಸ ಡೇಟಾ, ಕೊನೇಲಿ ಇಒಎಫ್ ಅನ್ನೋ ಮೂರಕ್ಷರ. ಲೆಕ್ಕ ಹಾಕಿ ನೋಡಿ, ಒಂದೇ ಬೈಟ್ ಬದಲಾಯಿಸೋ ಐಪಿಎಸ್ ಫೈಲ್ 14 ಬೈಟ್ ಆಗತ್ತೆ. ಜಾಗ ಹೇಳೋಕೆ ಮೂರೇ ಬೈಟ್ ಇರೋದ್ರಿಂದ 16 ಮೆಗಾಬೈಟ್ ಆಚೆಗೆ ಇದು ಕೈ ಚಾಚಲ್ಲ. ಅದಕ್ಕಿಂತ ದೊಡ್ಡ ದೋಷ ಅಂದ್ರೆ ಕೆಳಗಿರೋದು ಸರಿಯಾದ ರೋಮಾ ಅಂತ ಅದು ನೋಡೋದೇ ಇಲ್ಲ, ಯಾವ ಫೈಲ್ ಕೊಟ್ರೂ ಬರೆದು ಮುಗಿಸತ್ತೆ.

ಬಿಪಿಎಸ್ ಮೂಲ ಫೈಲು, ಆಗ್ಬೇಕಾದ ಫೈಲು, ಪ್ಯಾಚು ಈ ಮೂರರದ್ದೂ ಸಿಆರ್‌ಸಿ32 ಚೆಕ್‌ಸಮ್ (ಫೈಲಿನ ಎಲ್ಲಾ ಬೈಟ್‌ಗಳಿಂದ ಲೆಕ್ಕ ಹಾಕಿದ ಗುರುತಿನ ಸಂಖ್ಯೆ) ಒಳಗಿಟ್ಕೊಂಡಿರತ್ತೆ, ಒಂದು ಬೈಟ್ ಹೆಚ್ಚುಕಮ್ಮಿ ಇದ್ರೂ ಆಗಲ್ಲ ಅಂತ ಮುಖಕ್ಕೆ ಹೇಳತ್ತೆ. ಡೇಟಾ ಒಂದು ಕಡೆಯಿಂದ ಇನ್ನೊಂದು ಕಡೆಗೆ ಸರಿದಿದ್ರೆ ಅದನ್ನೂ ಗುರುತಿಸೋದ್ರಿಂದ ಪ್ಯಾಚಲ್ಲಿ ಮೂಲ ಗೇಮಿನ ತುಣುಕು ಸೇರ್ಕೊಳ್ಳೋದೂ ಕಡಿಮೆ. ಯುಪಿಎಸ್ ಇವೆರಡರ ಮಧ್ಯದ್ದು. ಎಕ್ಸ್‌ಡೆಲ್ಟಾ ದೊಡ್ಡ ಡಿಸ್ಕ್ ಗೇಮ್‌ಗಳಿಗೆ, ಪಿಪಿಎಫ್ ಪ್ಲೇಸ್ಟೇಷನ್ ಕಡೆ ಕಾಣ್ಸತ್ತೆ. ನೀವು ಹ್ಯಾಕ್ ಮಾಡಿ ಬೇರೆಯವರಿಗೆ ಕೊಡೋರಾದ್ರೆ ದಯವಿಟ್ಟು ಬಿಪಿಎಸ್ ಕೊಡಿ, ಆಡೋರ ಅರ್ಧ ತಲೆನೋವು ಅಲ್ಲೇ ಮುಗಿಯತ್ತೆ. ಐಪಿಎಸ್, ಬಿಪಿಎಸ್ ಎರಡನ್ನೂ ಫ್ಲಿಪ್ಸ್ ಅನ್ನೋ ಪುಟ್ಟ ಟೂಲ್ ನೋಡ್ಕೊಳ್ಳತ್ತೆ.

ಪ್ಯಾಚ್ ಹಾಕಿದೆ, ಎರರ್ ಏನೂ ಬರ್ಲಿಲ್ಲ, ಆದ್ರೆ ಗೇಮ್ ತೆರೆದ್ರೆ ಬರೀ ಕಪ್ಪು ಸ್ಕ್ರೀನ್. ಎಮ್ಯುಲೇಟರ್ ಹಾಳಾಗಿದ್ಯಾ?

ಎಮ್ಯುಲೇಟರ್‌ನ ಬೈಬೇಡಿ, ಮೊದಲು ರೋಮ್ ನೋಡಿ. ಸೂಪರ್ ನಿಂಟೆಂಡೋ ಗೇಮ್ ಆಗಿದ್ರೆ ನೂರಕ್ಕೆ ತೊಂಬತ್ತು ಸಲ ಹೆಡರ್ ಕಾಟ ಅಂತ ನನ್ನ ಅನುಭವ. ಹಿಂದೆ ಕಾರ್ಟ್ರಿಜ್ ಕಾಪಿ ಮಾಡೋ ಯಂತ್ರಗಳು ಫೈಲಿನ ಮುಂದೆ ತಮ್ಮ ಬಳಕೆಗೆ 512 ಬೈಟ್ ಸೇರಿಸ್ತಿದ್ವು, ಅದೇ ಹೆಡರ್. ಅದು ಗೇಮಿನ ಭಾಗವೇ ಅಲ್ಲ, ಆದ್ರೆ ಅದು ಇದ್ರೆ ಹಿಂದಿರೋದೆಲ್ಲಾ 512 ಬೈಟ್ ಆಚೆ ಸರಿದಿರತ್ತೆ. ಹೆಡರ್ ಇರೋ ಫೈಲಿಗೆ ಮಾಡಿದ ಐಪಿಎಸ್ ಪ್ಯಾಚನ್ನ ಹೆಡರ್ ಇಲ್ಲದ ಫೈಲಿಗೆ ಹಾಕಿದ್ರೆ ಪ್ರತಿಯೊಂದು ಬದಲಾವಣೆನೂ 512 ಬೈಟ್ ಮುಂದೆ ಹೋಗಿ ಬೀಳತ್ತೆ, ಬೀಗ ಹಾಕ್ಬೇಕಿದ್ದ ಬಾಗಿಲು ಬಿಟ್ಟು ಪಕ್ಕದ ಮನೆ ಬಾಗಿಲಿಗೆ ಹಾಕಿದ ಹಾಗೆ.

ಕಂಡುಹಿಡಿಯೋದು ಸುಲಭ. ಫೈಲಿನ ಪ್ರಾಪರ್ಟೀಸ್ ತೆಗೆದು ಸೈಜನ್ನ ಬೈಟ್ ಲೆಕ್ಕದಲ್ಲಿ ನೋಡಿ, 1024ರಿಂದ ಭಾಗಿಸಿ. ಸೂಪರ್ ಮಾರಿಯೋ ವರ್ಲ್ಡ್ ಹೆಡರ್ ಇಲ್ಲದಿದ್ರೆ 5,24,288 ಬೈಟ್, ಶೇಷ ಸೊನ್ನೆ. 5,24,800 ಇದ್ರೆ ಶೇಷ 512, ಅಂದ್ರೆ ಹೆಡರ್ ಇದೆ. ಹ್ಯಾಕಿನ ಜೊತೆ ಬರೋ ರೀಡ್‌ಮಿ ಫೈಲಲ್ಲಿ ಯಾವುದು ಬೇಕು ಅಂತ ಬರೆದಿರ್ತಾರೆ, ಅದನ್ನ ಓದದೇ ಬರೋರೇ ಜಾಸ್ತಿ. ಎನ್‌ಇಎಸ್ ವಿಷಯ ಬೇರೆ, ಅಲ್ಲಿ ಮುಂದಿರೋ 16 ಬೈಟ್ ಹೆಡರ್ ಬೇಕೇ ಬೇಕು, ಕಾರ್ಟ್ರಿಜ್ ಒಳಗೆ ಯಾವ ಮ್ಯಾಪರ್ ಸರ್ಕ್ಯೂಟ್ (ರೋಮಿನ ಯಾವ ಭಾಗ ಪ್ರೊಸೆಸರ್‌ಗೆ ಕಾಣ್ಬೇಕು ಅಂತ ಬದಲಾಯಿಸೋದು) ಇತ್ತು ಅಂತ ಎಮ್ಯುಲೇಟರ್‌ಗೆ ಹೇಳೋದು ಅದೇ. ತೆಗೆದುಹಾಕ್ಬೇಡಿ.

ನನ್ನ ಹತ್ರ ಇರೋದು ಸರಿಯಾದ ರೋಮ್ ಅಂತ ನಂಬೋದು ಹೇಗೆ? ಫೈಲಿನ ಹೆಸರು ಸರಿಯಾಗೇ ಇದೆಯಲ್ಲ

ಹೆಸರನ್ನ ಯಾರು ಬೇಕಾದ್ರೂ ಬದಲಾಯಿಸಬಹುದು, ಚೆಕ್‌ಸಮ್ ನಂಬಿ. ಸಿಆರ್‌ಸಿ32 ಅಥವಾ ಎಸ್‌ಎಚ್‌ಎ-1 ತೆಗೆಯೋ ಟೂಲಿಗೆ ಫೈಲ್ ಕೊಟ್ರೆ ಒಂದು ಸಂಖ್ಯೆ ಬರತ್ತೆ, ಹ್ಯಾಕ್ ಮಾಡಿದೋರು ಕೊಟ್ಟಿರೋ ಸಂಖ್ಯೆ ಜೊತೆ ಹೋಲಿಸಿ. ಕಾರ್ಟ್ರಿಜ್ ಗೇಮ್‌ಗಳ ಸರಿಯಾದ ಡಂಪಿನ ಚೆಕ್‌ಸಮ್‌ಗಳನ್ನ ನೋ-ಇಂಟ್ರೋ ಅನ್ನೋ ಯೋಜನೆ ದಾಖಲೆ ಮಾಡಿಟ್ಟಿದೆ, ಡಿಸ್ಕ್ ಗೇಮ್‌ಗಳಿಗೆ ರೀಡಂಪ್. ಒಂದೇ ಗೇಮಿಗೆ ಜಪಾನ್, ಅಮೆರಿಕ, ಯೂರೋಪ್ ಆವೃತ್ತಿ ಬೇರೆ ಬೇರೆ ಇರ್ತವೆ, ಒಂದೇ ಪ್ರದೇಶದಲ್ಲೂ 1.0, 1.1 ಅಂತ ತಿದ್ದುಪಡಿ ಇರತ್ತೆ. ಪೊಕೆಮಾನ್ ಫೈರ್‌ರೆಡ್ ಹ್ಯಾಕ್‌ಗಳಲ್ಲಿ ಹೆಚ್ಚಿನವು 1.0 ಮೇಲೆ ಮಾಡಿದ್ದು, 1.1ಕ್ಕೆ ಹಾಕಿದ್ರೆ ಟೈಟಲ್ ಸ್ಕ್ರೀನ್ ತನಕನೂ ಹೋಗದೇ ಇರಬಹುದು. ಸರಿಯಾದ ಫೈಲ್ ಸಿಕ್ಕಮೇಲೆ ಅದನ್ನ ಒಂದು ಫೋಲ್ಡರಲ್ಲಿಟ್ಟು ರೀಡ್-ಓನ್ಲಿ ಮಾಡಿಬಿಡಿ, ಪ್ಯಾಚ್ ಹಾಕೋದು ಯಾವಾಗ್ಲೂ ಕಾಪಿ ಮೇಲೆ.

ನಿಂಟೆಂಡೋ 64 ರೋಮ್‌ಗಳು ಝಡ್64, ವಿ64, ಎನ್64 ಅಂತ ಮೂರು ತರ ಸಿಗತ್ತೆ, ಏನಿದು?

ಅದೇ ಗೇಮು, ಬೈಟ್ ಜೋಡಿಸಿರೋ ಕ್ರಮ ಮಾತ್ರ ಬೇರೆ. ಹೆಕ್ಸ್ ಎಡಿಟರಲ್ಲಿ (ಫೈಲಿನ ಬೈಟ್‌ಗಳನ್ನ ನೇರವಾಗಿ ತೋರಿಸೋ ಟೂಲ್) ತೆರೆದು ಮೊದಲ ನಾಲ್ಕು ಬೈಟ್ ನೋಡಿ. 80 37 12 40 ಇದ್ರೆ ಅದು ಝಡ್64, ಕನ್ಸೋಲಿನ ಸ್ವಂತ ಕ್ರಮ. 37 80 40 12 ಇದ್ರೆ ವಿ64, 40 12 37 80 ಇದ್ರೆ ಎನ್64. ಎಮ್ಯುಲೇಟರ್ ತೆರೆಯೋವಾಗ ತಾನೇ ತಿರುಗಿಸ್ಕೊಂಡು ಮೂರನ್ನೂ ಓಡಿಸತ್ತೆ, ಆದ್ರೆ ಪ್ಯಾಚಿಗೆ ಆ ಬುದ್ಧಿ ಇಲ್ಲ. ಪ್ಯಾಚ್ ಹಾಕೋ ಮುಂಚೆ ಝಡ್64ಗೆ ಬದಲಾಯಿಸ್ಕೊಳ್ಳಿ, ಎಕ್ಸ್‌ಟೆನ್ಷನ್ ಹೆಸರು ತಿದ್ದಿದ್ರೆ ಸಾಲದು, ಕನ್ವರ್ಟ್ ಮಾಡೋ ಟೂಲ್ ಬೇಕು.

ಮೂಲ ಫೈಲ್ ಮುಟ್ಟದೇ ಪ್ಯಾಚ್ ಹಾಕೋಕೆ ಆಗತ್ತಾ?

ಆಗತ್ತೆ, ಸಾಫ್ಟ್ ಪ್ಯಾಚಿಂಗ್ ಅಂತಾರೆ. ರೋಮ್ ಮತ್ತೆ ಪ್ಯಾಚ್ ಎರಡಕ್ಕೂ ಒಂದೇ ಹೆಸರು ಕೊಟ್ಟು ಒಂದೇ ಫೋಲ್ಡರಲ್ಲಿಡಿ, ರೆಟ್ರೋಆರ್ಚ್, ಸ್ನೆಸ್9ಎಕ್ಸ್ ಇಂಥವು ಗೇಮ್ ಲೋಡ್ ಮಾಡೋವಾಗ ಮೆಮೊರಿಯಲ್ಲೇ ಸೇರಿಸ್ಕೊಳ್ತವೆ. ಡಿಸ್ಕ್ ಗೇಮ್‌ಗಳಿಗೆ ಸಾಮಾನ್ಯವಾಗಿ ನಡೆಯಲ್ಲ, ಅಲ್ಲಿ ಎಮ್ಯುಲೇಟರ್ ಫೈಲನ್ನ ಪೂರ್ತಿ ಮೆಮೊರಿಗೆ ತಗೊಳ್ಳದೇ ಬೇಕಾದಾಗ ಬೇಕಾದಷ್ಟೇ ಓದತ್ತೆ.

ಎರಡು ಹ್ಯಾಕ್ ಒಟ್ಟಿಗೆ ಹಾಕ್ಬಹುದಾ? ಒಂದರ ಗ್ರಾಫಿಕ್ಸ್, ಇನ್ನೊಂದರ ಲೆವೆಲ್ ಬೇಕು

ಇಬ್ಬರೂ ಬೇರೆ ಬೇರೆ ಜಾಗ ಮುಟ್ಟಿದ್ರೆ ಆಗತ್ತೆ, ಒಂದೇ ಜಾಗ ಮುಟ್ಟಿದ್ರೆ ಆಮೇಲೆ ಹಾಕಿದ್ದು ಮೊದಲನೇದನ್ನ ತುಳಿಯತ್ತೆ. ದೊಡ್ಡ ಹ್ಯಾಕ್‌ಗಳು ಖಾಲಿ ಜಾಗ ಹುಡುಕಿ ತಮ್ಮ ಕೋಡ್ ಇಡ್ತವೆ, ಇಬ್ಬರಿಗೂ ಅದೇ ಖಾಲಿ ಜಾಗ ಕಂಡಿರತ್ತೆ, ಹಾಗಾಗಿ ಜಗಳ ಆಗೋದೇ ಜಾಸ್ತಿ. ಬಿಪಿಎಸ್ ಆದ್ರೆ ಎರಡನೇ ಪ್ಯಾಚ್ ಹಾಕೋಕೇ ಬಿಡಲ್ಲ, ಮೂಲದ ಚೆಕ್‌ಸಮ್ ಬದಲಾಗಿರತ್ತಲ್ಲ.

## ಆಡೋವಾಗ ಬರೋ ತೊಂದರೆ

ಹ್ಯಾಕಿನ ಹೊಸ ವರ್ಷನ್ ಬಂದಿದೆ, ನನ್ನ ಹಳೇ ಸೇವ್ ನಡೆಯತ್ತಾ?

ಯಾವ ಸೇವ್ ಅನ್ನೋದರ ಮೇಲೆ ಹೋಗತ್ತೆ. ಗೇಮಿನೊಳಗಿನ ಸೇವ್ ಅಂದ್ರೆ ಕಾರ್ಟ್ರಿಜ್‌ನ ಬ್ಯಾಟರಿ ಮೆಮೊರಿ, ಎಮ್ಯುಲೇಟರಲ್ಲಿ ಅದು ಎಸ್‌ಆರ್‌ಎಂ ಅಥವಾ ಸೇವ್ ಅನ್ನೋ ಸಣ್ಣ ಫೈಲ್. ಅದರಲ್ಲಿರೋದು ಎಷ್ಟನೇ ಲೆವೆಲ್, ಯಾವ ಸಾಮಾನಿದೆ ಅನ್ನೋ ಲೆಕ್ಕ ಮಾತ್ರ, ಹ್ಯಾಕ್ ಮಾಡಿದೋರು ಆ ಲೆಕ್ಕ ಬರೆಯೋ ಕ್ರಮ ಬದಲಾಯಿಸದಿದ್ರೆ ನಡೆಯತ್ತೆ. ರೋಮ್ ಹೆಸರಿಗೆ ಸೇವ್ ಹೆಸರು ಹೊಂದ್ಬೇಕು ಅಷ್ಟೇ.

ಸೇವ್ ಸ್ಟೇಟ್ ಹಾಗಲ್ಲ. ಅದು ಆ ಕ್ಷಣದ ರ‍್ಯಾಮು, ಪ್ರೊಸೆಸರ್ ಎಲ್ಲಿ ನಿಂತಿತ್ತು ಅನ್ನೋದನ್ನ ಹಿಡಿದಿಟ್ಟ ಫೋಟೋ. ರೋಮ್ ಬದಲಾದ್ರೆ ಪ್ರೊಸೆಸರ್ ವಾಪಸ್ ಹೋಗ್ಬೇಕಾದ ಜಾಗದಲ್ಲಿ ಈಗ ಬೇರೆ ಕೋಡ್ ಇರತ್ತೆ, ತಕ್ಷಣ ಹ್ಯಾಂಗ್ ಆದ್ರೆ ಪುಣ್ಯ, ಇಲ್ಲಾಂದ್ರೆ ಎರಡು ಗಂಟೆ ಆಡಿದ ಮೇಲೆ ಬಾಗಿಲು ತೆರೆಯೋದೇ ಇಲ್ಲ. ಎಮ್ಯುಲೇಟರ್ ಅಪ್‌ಡೇಟ್ ಆದ್ರೂ ಇದೇ ಕಥೆ ಆಗಬಹುದು. ನಾನೊಂದು ಸಲ ಇಪ್ಪತ್ತು ಗಂಟೆಗೂ ಮೀರಿ ಬರೀ ಸೇವ್ ಸ್ಟೇಟಲ್ಲೇ ಆಡಿದ್ದೆ, ಒಂದಿನ ಫೋನಲ್ಲಿದ್ದ ಎಮ್ಯುಲೇಟರ್ ತಾನಾಗೇ ಅಪ್‌ಡೇಟ್ ಆಯ್ತು, ಒಂದು ಸ್ಟೇಟೂ ತೆಗೀಲಿಲ್ಲ, ಗೇಮೊಳಗೆ ಒಂದೇ ಒಂದು ಸಲ ಸೇವ್ ಮಾಡಿದ್ರೆ ಎಲ್ಲಾ ಉಳೀತಿತ್ತು. ಅವತ್ತಿಂದ ಗೇಮೊಳಗಿನ ಸೇವ್ ಮಾಡದೇ ಎಮ್ಯುಲೇಟರ್ ಮುಚ್ಚಲ್ಲ.

ಪೊಕೆಮಾನ್ ಹ್ಯಾಕಲ್ಲಿ 1ಎಂ ಸಬ್-ಸರ್ಕ್ಯೂಟ್ ಬೋರ್ಡ್ ಇಲ್ಲ ಅಂತ ಬಂದು ಸೇವ್ ಆಗ್ತಿಲ್ಲ!

ಗಾಬರಿ ಬೇಡ, ಬೋರ್ಡ್ ಏನೂ ತರ್ಬೇಕಾಗಿಲ್ಲ. ಗೇಮ್ ಬಾಯ್ ಅಡ್ವಾನ್ಸ್ ಕಾರ್ಟ್ರಿಜ್‌ಗಳಲ್ಲಿ ಸೇವ್ ಚಿಪ್ ಹಲವು ತರ ಇದ್ವು: ಎಸ್‌ರ‍್ಯಾಮ್, ಇಇಪ್ರೋಮ್, 64 ಕಿಲೋಬೈಟ್ ಫ್ಲ್ಯಾಶ್, 128 ಕಿಲೋಬೈಟ್ ಫ್ಲ್ಯಾಶ್. ಕಾರ್ಟ್ರಿಜ್ ಇಲ್ಲದಾಗ ಎಮ್ಯುಲೇಟರ್ ಯಾವುದು ಅಂತ ಊಹೆ ಮಾಡ್ಬೇಕು, ರೋಮೊಳಗಿನ ಗುರುತು ನೋಡೋದೋ, ಗೇಮಿನ ಕೋಡ್ ನೋಡೋದೋ ಮಾಡತ್ತೆ, ಹ್ಯಾಕ್ ಆದ ಫೈಲಲ್ಲಿ ಆ ಊಹೆ ತಪ್ಪಬಹುದು. ಫೈರ್‌ರೆಡ್‌ಗೂ ಎಮರಾಲ್ಡ್‌ಗೂ ಬೇಕಾಗಿರೋದು 128 ಕಿಲೋಬೈಟ್ ಫ್ಲ್ಯಾಶ್, ಅಂದ್ರೆ 1 ಮೆಗಾಬಿಟ್, ಆ 1ಎಂ ಅಂದ್ರೆ ಅದೇ. ಸೆಟ್ಟಿಂಗ್ಸಲ್ಲಿ ಸೇವ್ ಟೈಪನ್ನ ಫ್ಲ್ಯಾಶ್ 128ಕೆ ಮಾಡಿ, ತಪ್ಪು ಸೈಜಲ್ಲಿ ಹುಟ್ಟಿರೋ ಹಳೇ ಸೇವ್ ಫೈಲನ್ನ ಪಕ್ಕಕ್ಕಿಟ್ಟು ಗೇಮ್ ಮತ್ತೆ ಶುರು ಮಾಡಿ.

ಒಂದು ಎಮ್ಯುಲೇಟರಲ್ಲಿ ಚೆನ್ನಾಗಿ ನಡೆಯೋ ಹ್ಯಾಕ್ ಇನ್ನೊಂದರಲ್ಲಿ ಯಾಕೆ ಕೆಡತ್ತೆ? ಹೊಸದು ಇನ್ನೂ ಚೆನ್ನಾಗಿರ್ಬೇಕಲ್ವಾ?

ಹೊಸದು ಚೆನ್ನಾಗಿರೋದಕ್ಕೇ ಕೆಡ್ತಿದೆ. 1997ರಲ್ಲಿ ಬಂದ ಸೂಪರ್ ನಿಂಟೆಂಡೋ ಎಮ್ಯುಲೇಟರ್ ಝಡ್‌ಸ್ನೆಸ್ ನಿಧಾನದ ಕಂಪ್ಯೂಟರಲ್ಲೂ ಓಡ್ಬೇಕಿತ್ತು, ಅದಕ್ಕೆ ಎಷ್ಟೋ ಕಡೆ ಅಡ್ಡದಾರಿ ಹಿಡೀತು. ಆ ಕಾಲದ ಹ್ಯಾಕ್ ಮಾಡೋರು ಪರೀಕ್ಷೆ ಮಾಡಿದ್ದೂ ಅದರಲ್ಲೇ. ನಿಜವಾದ ಸೂಪರ್ ನಿಂಟೆಂಡೋದಲ್ಲಿ ಪರದೆ ಬಿಡಿಸ್ತಿರೋವಾಗ ವೀಡಿಯೋ ಮೆಮೊರಿಗೆ ಬರೆದ್ರೆ ಆ ಬರಹ ಬಿದ್ದುಹೋಗತ್ತೆ, ಒಂದು ಫ್ರೇಮ್ ಮುಗಿದು ಇನ್ನೊಂದು ಶುರುವಾಗೋ ನಡುವಿನ ಬಿಡುವಲ್ಲಿ ಮಾತ್ರ ಬರೀಬೇಕು. ಝಡ್‌ಸ್ನೆಸ್ ಯಾವಾಗ ಬರೆದ್ರೂ ಸುಮ್ಮನೆ ತಗೊಳ್ತಿತ್ತು. ಅದೇ ಹ್ಯಾಕನ್ನ ಬಿಸ್ನೆಸ್ (bsnes) ತರದ ನಿಖರ ಎಮ್ಯುಲೇಟರಲ್ಲಿ ಹಾಕಿದ್ರೆ ಅಕ್ಷರಗಳು ಚೂರುಚೂರು, ಕೆಲವು ಕಡೆ ಖಾಲಿ.

ಸೌಂಡಿನದ್ದು ಇನ್ನೊಂದು. ಆ ಕನ್ಸೋಲಿನ ಆಡಿಯೋ ಮೆಮೊರಿ 64 ಕಿಲೋಬೈಟ್, ಪ್ರತಿಧ್ವನಿ ಬೇಕಾದ್ರೆ ಅದರ ಬಫರ್ರೂ ಅಲ್ಲೇ ಕೂರ್ಬೇಕು, 16 ಮಿಲಿಸೆಕೆಂಡ್ ಪ್ರತಿಧ್ವನಿಗೆ 2 ಕಿಲೋಬೈಟ್ ಲೆಕ್ಕದಲ್ಲಿ. ಜಾಗ ನೋಡದೇ ಉದ್ದ ಪ್ರತಿಧ್ವನಿ ಇಟ್ರೆ ಬಫರ್ ಹೋಗಿ ಹಾಡಿನ ಡೇಟಾ ಮೇಲೇ ಬರೆಯತ್ತೆ, ಕರ್ಕಶ ಸದ್ದು ಬಂದು ಗೇಮ್ ನಿಲ್ಲತ್ತೆ. ಝಡ್‌ಸ್ನೆಸ್ ಪ್ರತಿಧ್ವನಿನ ಆ ಮೆಮೊರಿಗೆ ಬರೀತಾನೇ ಇರ್ಲಿಲ್ಲ, ಹಾಗಾಗಿ ತಪ್ಪು ಯಾರಿಗೂ ಗೊತ್ತಾಗ್ಲಿಲ್ಲ. ಇಂಥ ಹಳೇ ಹ್ಯಾಕ್ ಆಡ್ಬೇಕಾದ್ರೆ ಹಳೇ ಎಮ್ಯುಲೇಟರೇ ಗತಿ. ಹೊಸದಾಗಿ ಮಾಡೋರು ಮಾತ್ರ ಮೊದಲ ದಿನದಿಂದಲೇ ನಿಖರವಾದ್ದರಲ್ಲಿ ಪರೀಕ್ಷೆ ಮಾಡಿ, ತಪ್ಪನ್ನ ಮುಚ್ಚಿಡೋ ಎಮ್ಯುಲೇಟರ್ ನಿಮಗೆ ಉಪಕಾರ ಮಾಡ್ತಿಲ್ಲ.

ಹ್ಯಾಕನ್ನ ನಿಜವಾದ ಕನ್ಸೋಲಲ್ಲಿ ಆಡೋಕಾಗತ್ತಾ?

ಫ್ಲ್ಯಾಶ್ ಕಾರ್ಟ್ ಇದ್ರೆ ಆಗತ್ತೆ, ಮೆಮೊರಿ ಕಾರ್ಡಿಗೆ ಫೈಲ್ ಹಾಕಿ ಕಾರ್ಟ್ರಿಜ್ ತರ ಚುಚ್ಚೋದು. ಮೇಲೆ ಹೇಳಿದ ತರದ ತಪ್ಪುಗಳಿದ್ರೆ ಅಲ್ಲಿ ತಪ್ಪಿಸ್ಕೊಳ್ಳೋಕಾಗಲ್ಲ. ಸೂಪರ್ ಮಾರಿಯೋ 64ರ ಹಳೇ ಹ್ಯಾಕ್‌ಗಳಲ್ಲಿ ಬಹಳಷ್ಟು ಕನ್ಸೋಲಲ್ಲಿ ನಡೆಯಲ್ಲ. ಕೆಲವಕ್ಕೆ 4 ಮೆಗಾಬೈಟ್ ರ‍್ಯಾಮ್ ಸಾಲದೇ ಎಕ್ಸ್‌ಪಾನ್ಷನ್ ಪ್ಯಾಕ್ ಹಾಕಿ 8 ಮಾಡ್ಬೇಕಾಗತ್ತೆ, ಎಮ್ಯುಲೇಟರಲ್ಲೂ ಮೆಮೊರಿ ಸೈಜ್ 8 ಅಂತ ಇಡೋದು ಮರೀಬೇಡಿ.

## ಒಳಗೆ ಕೈ ಹಾಕೋರಿಗೆ

ನಾನೇ ಒಂದು ಹ್ಯಾಕ್ ಮಾಡ್ಬೇಕು, ಪ್ರೋಗ್ರಾಮಿಂಗ್ ಬರಲ್ಲ, ಎಲ್ಲಿಂದ ಶುರು ಮಾಡ್ಲಿ?

ಚಿತ್ರದಿಂದ. ಎನ್‌ಇಎಸ್ ಗೇಮಲ್ಲಿ ಎಲ್ಲಾ ಚಿತ್ರನೂ 8ಕ್ಕೆ 8 ಚುಕ್ಕಿಯ ಟೈಲ್‌ಗಳಿಂದ ಆಗಿರತ್ತೆ. ಒಂದು ಚುಕ್ಕಿಗೆ ಎರಡು ಬಿಟ್, ಹಾಗಾಗಿ ಒಂದು ಟೈಲಿಗೆ 16 ಬೈಟ್: ಮೊದಲ 8 ಬೈಟಲ್ಲಿ ಪ್ರತಿ ಸಾಲಿನ ಒಂದು ಬಿಟ್, ಮುಂದಿನ 8ರಲ್ಲಿ ಇನ್ನೊಂದು, ಎರಡೂ ಸೇರಿ ನಾಲ್ಕು ಬಣ್ಣದಲ್ಲಿ ಯಾವುದು ಅಂತ ತೀರ್ಮಾನ ಆಗತ್ತೆ. ಟೈಲ್ ಎಡಿಟರಲ್ಲಿ ರೋಮ್ ತೆರೆದು ಕೆಳಗೆ ಸರಿಸ್ತಾ ಹೋಗಿ, ಮೊದಲು ಕೋಡಿನ ಜಾಗ ಬರೀ ಕಸದ ತರ ಕಾಣತ್ತೆ, ಇದ್ದಕ್ಕಿದ್ದ ಹಾಗೆ ಹೀರೋನ ಟೋಪಿ, ಅರ್ಧ ಮುಖ, ಒಂದು ಕಾಲು ಕಾಣ್ಸತ್ತೆ. ಆ ಟೋಪಿಯ ಒಂದು ಚುಕ್ಕಿ ಬದಲಾಯಿಸಿ, ಸೇವ್ ಮಾಡಿ, ಎಮ್ಯುಲೇಟರಲ್ಲಿ ತೆರೀರಿ. ಆ ಚುಕ್ಕಿ ಪರದೆ ಮೇಲೆ ಓಡಾಡೋದು ನೋಡಿದ ಖುಷಿ ನನಗೆ ಇನ್ನೂ ಮರೆತಿಲ್ಲ. ಲೆವೆಲ್ ಕಡೆ ಆಸಕ್ತಿ ಇದ್ರೆ ಸೂಪರ್ ಮಾರಿಯೋ ವರ್ಲ್ಡ್‌ಗೆ 2000ದಲ್ಲಿ ಬಂದ ಲೂನಾರ್ ಮ್ಯಾಜಿಕ್ ಎಡಿಟರ್ ಇದೆ, ಕೋಡ್ ಮುಟ್ಟದೇ ಪೂರ್ತಿ ಹೊಸ ಲೆವೆಲ್ ಕಟ್ಟಬಹುದು.

ಗೇಮಿನ ಡೈಲಾಗನ್ನ ಕನ್ನಡಕ್ಕೆ ತಿರುಗಿಸ್ಬಹುದಾ?

ತಿರುಗಿಸ್ಬಹುದು, ಆದ್ರೆ ಭಾಷಾಂತರಕ್ಕಿಂತ ಅಕ್ಷರ ಕೂರಿಸೋದೇ ದೊಡ್ಡ ಕೆಲಸ. ಹಳೇ ಗೇಮಲ್ಲಿ ಒಂದು ಅಕ್ಷರ ಅಂದ್ರೆ ಒಂದು ಬೈಟ್, ಒಂದು ಬೈಟ್ ಅಂದ್ರೆ ಒಂದು ಟೈಲ್. ಇಂಗ್ಲಿಷಿಗೆ ಅದು ಸಾಕು. ನಮ್ಮಲ್ಲಿ ಕಾಗುಣಿತ ಇದೆ, ಕೆಳಗೆ ಒತ್ತು ಇದೆ, ಸ್ತ್ರೀ ಅನ್ನೋ ಒಂದು ಅಕ್ಷರನ 8ಕ್ಕೆ 8 ಚುಕ್ಕಿಯಲ್ಲಿ ಬರೆದು ನೋಡಿ, ಕಪ್ಪು ಮುದ್ದೆ ಆಗತ್ತೆ. 16ಕ್ಕೆ 16 ಮಾಡಿದ್ರೆ ಒಂದು ಅಕ್ಷರಕ್ಕೆ ನಾಲ್ಕು ಟೈಲ್ ಹೋಗತ್ತೆ, ಎನ್‌ಇಎಸ್ ಹಿನ್ನೆಲೆಗೆ ಒಮ್ಮೆಗೆ ಸಿಗೋದು 256 ಟೈಲ್, ಅದರಲ್ಲೇ ಮನೆ, ಮರ, ಪೆಟ್ಟಿಗೆ ಎಲ್ಲಾ ಕೂರ್ಬೇಕು. ಹಾಗಾಗಿ ಗೇಮ್ ಬಾಯ್ ಅಡ್ವಾನ್ಸ್ ತರದ ಜಾಗ ಇರೋ ಕನ್ಸೋಲ್ ಆರಿಸ್ಕೊಳ್ಳಿ, ಅಕ್ಷರ ಬಿಡಿಸೋ ಕೋಡನ್ನೇ ಹೊಸದಾಗಿ ಬರೆಯೋಕೆ ತಯಾರಿರಿ. ವಾಕ್ಯ ಉದ್ದ ಆದ್ರೆ ಮುಂದಿನ ವಾಕ್ಯ ಶುರುವಾಗೋ ಜಾಗ ಸರಿಯತ್ತೆ, ಆ ಜಾಗಗಳನ್ನ ಹೇಳೋ ಪಾಯಿಂಟರ್ ಪಟ್ಟಿನೂ ತಿದ್ದಬೇಕು. 2006ರಲ್ಲಿ ಜಪಾನಲ್ಲಿ ಮಾತ್ರ ಬಂದ ಮದರ್ 3 ಗೇಮನ್ನ ಅಭಿಮಾನಿಗಳೇ ಇಂಗ್ಲಿಷಿಗೆ ತಂದು 2008ರಲ್ಲಿ ಪ್ಯಾಚ್ ಕೊಟ್ರು, ಅವರೂ ಪಠ್ಯ ತೋರಿಸೋ ಕೋಡಿನೊಳಗೆ ಇಳೀಬೇಕಾಯ್ತು. ಕನ್ನಡಕ್ಕೆ ಯಾರಾದ್ರೂ ಕೂತ್ರೆ ಫಾಂಟ್ ಬಿಡಿಸೋಕೆ ನಾನು ಬರ್ತೀನಿ.

ಒಂದೇ ಒಂದು ಬೈಟ್ ಬದಲಾಯಿಸಿದೆ, ಗೇಮ್ ಶುರುನೇ ಆಗ್ತಿಲ್ಲ

ಗೇಮ್ ತನ್ನನ್ನ ತಾನೇ ಪರೀಕ್ಷೆ ಮಾಡ್ಕೊಳ್ತಿರಬಹುದು. ಸೆಗಾ ಜೆನೆಸಿಸ್ ರೋಮಲ್ಲಿ 512ನೇ ಬೈಟಿಂದ ಕೊನೇ ತನಕ ಎಲ್ಲಾ ಕೂಡಿಸಿದ ಮೊತ್ತನ ಹೆಡರಲ್ಲಿ ಬರೆದಿಟ್ಟಿರ್ತಾರೆ, 1991ರ ಸೋನಿಕ್‌ನಲ್ಲಿ ಮೊತ್ತ ತಾಳೆ ಆಗದಿದ್ರೆ ಪರದೆ ಪೂರ್ತಿ ಕೆಂಪಾಗಿ ನಿಂತ್ಬಿಡತ್ತೆ. ಗೇಮ್ ಬಾಯ್ ಆನ್ ಆಗ್ತಿದ್ದ ಹಾಗೆ ಕಾರ್ಟ್ರಿಜ್‌ನಲ್ಲಿರೋ 48 ಬೈಟಿನ ನಿಂಟೆಂಡೋ ಲೋಗೋ ಸರಿಯಿದ್ಯಾ, ಹೆಡರ್ ಚೆಕ್‌ಸಮ್ ಸರಿಯಿದ್ಯಾ ನೋಡತ್ತೆ, ಇಲ್ಲಾಂದ್ರೆ ಮುಂದೆ ಹೋಗಲ್ಲ. ನಿಂಟೆಂಡೋ 64 ಮೊದಲ ಒಂದು ಮೆಗಾಬೈಟ್ ಲೆಕ್ಕ ಹಾಕತ್ತೆ. ಎಮ್ಯುಲೇಟರ್‌ಗಳು ಈ ಕನ್ಸೋಲ್ ಕಡೆಯ ಪರೀಕ್ಷೆ ಬಿಟ್ಟುಬಿಡಬಹುದು, ಗೇಮಿನ ಕೋಡಲ್ಲೇ ಇರೋ ಪರೀಕ್ಷೆ ಬಿಡೋಕಾಗಲ್ಲ. ತಿದ್ದಿದ ಮೇಲೆ ಚೆಕ್‌ಸಮ್ ಸರಿಮಾಡೋ ಟೂಲ್ ಓಡಿಸಿ.

ಇನ್ನೊಂದು ಅಪರೂಪದ್ದು: ಐಪಿಎಸ್ ಪ್ಯಾಚಲ್ಲಿ ಒಂದು ಬದಲಾವಣೆ ಸರಿಯಾಗಿ 45,42,278ನೇ ಜಾಗದಲ್ಲಿ ಶುರುವಾದ್ರೆ, ಆ ಸಂಖ್ಯೆಯ ಮೂರು ಬೈಟೇ ಇಒಎಫ್ ಅನ್ನೋ ಮೂರಕ್ಷರ. ಪ್ಯಾಚ್ ಹಾಕೋ ಟೂಲ್ ಫೈಲ್ ಮುಗೀತು ಅಂದ್ಕೊಂಡು ಅರ್ಧಕ್ಕೇ ನಿಲ್ಲಿಸಬಹುದು. ಒಳ್ಳೇ ಟೂಲ್‌ಗಳು ಒಂದು ಬೈಟ್ ಹಿಂದಿಂದ ಶುರು ಮಾಡಿ ಇದನ್ನ ತಪ್ಪಿಸ್ತವೆ.

ಪ್ಲೇಸ್ಟೇಷನ್ ಡಿಸ್ಕ್ ಗೇಮನ್ನೂ ಹೀಗೇ ತಿದ್ದಬಹುದಾ?

ತಿದ್ದಬಹುದು, ಆದ್ರೆ ಪದರ ಒಂದು ಜಾಸ್ತಿ. ಸಿಡಿಯ ಒಂದು ಸೆಕ್ಟರ್ 2,352 ಬೈಟ್, ಅದರಲ್ಲಿ ಗೇಮಿನ ಡೇಟಾ ಸಾಮಾನ್ಯವಾಗಿ 2,048, ಉಳಿದಿದ್ದು ವಿಳಾಸ ಮತ್ತೆ ತಪ್ಪು ಹಿಡಿಯೋ, ತಪ್ಪು ತಿದ್ದೋ ಸಂಕೇತ. ಡೇಟಾ ಬದಲಾಯಿಸಿ ಆ ಸಂಕೇತ ಹಳೇದೇ ಬಿಟ್ರೆ ಬಹುತೇಕ ಎಮ್ಯುಲೇಟರ್‌ಗಳು ಸುಮ್ಮನಿರ್ತವೆ, ಬರ್ನ್ ಮಾಡಿ ನಿಜವಾದ ಡ್ರೈವಿಗೆ ಹಾಕಿದ್ರೆ ಸೆಕ್ಟರ್ ಹಾಳಾಗಿದೆ ಅಂತ ತಿಳ್ಕೊಳ್ಳತ್ತೆ. ಸಂಕೇತನ ಮತ್ತೆ ಲೆಕ್ಕ ಹಾಕೋ ಟೂಲ್‌ಗಳಿವೆ, ಓಡಿಸಿ.

ಈಗ ಡಿಕಂಪೈಲ್ ಅಂತ ಎಲ್ಲರೂ ಹೇಳ್ತಿದಾರೆ, ಪ್ಯಾಚ್ ಕಾಲ ಮುಗೀತಾ?

ಡಿಕಂಪೈಲ್ ಅಂದ್ರೆ ರೋಮಿನ ಬೈಟ್‌ಗಳನ್ನ ಓದಿ ಓದಿ ಮನುಷ್ಯರಿಗೆ ಅರ್ಥ ಆಗೋ ಸಿ ಭಾಷೆಯ ಕೋಡ್ ವಾಪಸ್ ಬರೆಯೋದು. ಸೂಪರ್ ಮಾರಿಯೋ 64ದು 2019ರಲ್ಲಿ ಹೊರಗೆ ಬಂತು, ಆ ಕೋಡನ್ನ ಕಂಪೈಲ್ ಮಾಡಿದ್ರೆ, ಅಂದ್ರೆ ಮತ್ತೆ ಕನ್ಸೋಲಿಗೆ ಅರ್ಥ ಆಗೋ ಬೈಟ್ ಮಾಡಿದ್ರೆ, ಮೂಲ ರೋಮ್ ಬೈಟಿಗೆ ಬೈಟ್ ಹಾಗೇ ಬರತ್ತೆ. ಪೊಕೆಮಾನ್ ಎಮರಾಲ್ಡ್‌ಗೂ ಇಂಥದ್ದಿದೆ. ಇದರ ಮೇಲೆ ಹ್ಯಾಕ್ ಮಾಡೋರು ಖಾಲಿ ಜಾಗ ಹುಡುಕ್ಬೇಕಾಗಿಲ್ಲ, ಪಾಯಿಂಟರ್ ಎಣಿಸ್ಬೇಕಾಗಿಲ್ಲ, ಕೋಡ್ ಬದಲಾಯಿಸಿದ್ರೆ ಕಂಪೈಲರ್ ಎಲ್ಲಾ ಹೊಸದಾಗಿ ಜೋಡಿಸತ್ತೆ. ಆದ್ರೂ ಹಂಚೋವಾಗ ಅವರು ಕೊಡೋದು ಪ್ಯಾಚೇ, ಬಂದ ಹೊಸ ರೋಮಿಗೂ ಮೂಲ ರೋಮಿಗೂ ಇರೋ ವ್ಯತ್ಯಾಸನ ಬಿಪಿಎಸ್ ಮಾಡಿ ಕೊಡ್ತಾರೆ. ಮಾರಿಯೋ 64 ಆದ್ರೆ ಚಿತ್ರ, ಹಾಡುಗಳನ್ನ ಆ ಕೋಡಿನ ಜೊತೆ ಇಟ್ಟಿರಲ್ಲ, ನಿಮ್ಮ ರೋಮ್ ಫೈಲಿಂದಲೇ ಅವನ್ನ ಎತ್ಕೊಳ್ಳತ್ತೆ, ಅಲ್ಲೂ ಮೊದಲು ಕೇಳೋದು ಸರಿಯಾದ ಚೆಕ್‌ಸಮ್ ಇರೋ ಫೈಲನ್ನೇ.